ಗಿರಾಕಿ ಬೇಡವೆಂದ ಬಣ್ಣ

ಬಣ್ಣಗೇಡು ರೋಗದ ಆಸ್ಪತ್ರೆಯಲ್ಲಿ ತಾಯಿಯ ಚೀಟಿ ಹಿಡಿದು ಕೂತು ಕೂತು ದರ್ಜಿಯ ಸೊಂಟ ಬಿದ್ದುಹೋಗಿತ್ತು. ಪಕ್ಕದಲ್ಲಿ ನೂಲಿಗೆ ಬಣ್ಣ ಹಾಕುವ ಮುದುಕ, ಹಳೇ ಸ್ವೆಟರು ತೊಟ್ಟ ಅವನ ಹೆಂಡತಿ. ಮುದುಕ ಮುಟ್ಟಿದ್ದೆಲ್ಲ ಬಣ್ಣ ಕಳೆದುಕೊಳ್ಳುತ್ತಿತ್ತು. ಕೂತಿದ್ದ ಹಸಿರು ಬೆಂಚು ಆಗಲೇ ಅರ್ಧ ಬೂದು ಬಣ್ಣಕ್ಕೆ ತಿರುಗಿತ್ತು.

“ಆ ಕಡೆ ಸರ್ಕೊ ಕಣೆ. ಸ್ವೆಟರಿಗೆ ಕೈ ತಗಲುತ್ತೆ.”

“ತಗಲಿದ್ರೆ ತಗಲ್ಲಿ ಬಿಡಿ. ಗಿರಾಕಿ ಬೇಡ ಅಂತ ಮುಖಕ್ಕೆ ಎಸೆದು ಹೋದ ನೂಲಲ್ಲಿ ಹೆಣೆದಿದ್ದು ತಾನೇ.”

“ಅವತ್ತು ನಿದ್ದೆಗಣ್ಣಲ್ಲಿ ಏನೋ ಬೆರೆಸಿಬಿಟ್ಟೆ.”

“ಮೂವತ್ತು ವರ್ಷದಿಂದ ಇದೇ ಮಾತು.”

“ಮೂವತ್ತು ವರ್ಷದಿಂದ ಬೆರೆಸ್ತಾನೇ ಇದೀನಿ ಕಣೆ. ಆ ಬಣ್ಣ ಮತ್ತೆ ಬರಲೇ ಇಲ್ಲ. ಇರೋದು ಇದೊಂದೇ.”

“ಒಂದಿನಾನೂ ಹೇಳ್ಲಿಲ್ಲ?”

“ತಪ್ಪಿ ಆಗಿದ್ದನ್ನ ಚೆನ್ನಾಗಿದೆ ಅಂತ ಹೇಗೆ ಹೇಳೋದು?”

ಒಳಗಿನಿಂದ ಅವರ ನಂಬರು ಕೂಗಿದರು. ಮುದುಕ ಏಳಲು ನೋಡಿದ. ಮಂಡಿ ಮಾತು ಕೇಳಲಿಲ್ಲ. ಅವಳು ತೋಳು ಚಾಚಿದಳು.

“ಬೇಡ ಕಣೆ.”

“ಹಿಡ್ಕೊಳ್ಳಿ ಅಂದ್ರೆ. ಬಿದ್ರೆ ಎತ್ತೋಕೆ ನನ್ನ ಕೈಲಾಗಲ್ಲ.”

ಮುದುಕ ಹಿಡಿದುಕೊಂಡ. ಇಬ್ಬರೂ ಬಾಗಿಲ ಕಡೆ ನಿಧಾನವಾಗಿ ನಡೆದರು. ಆ ಸ್ವೆಟರಿಗೆ ಯಾವ ದಾರ ಹೊಂದೀತೆಂದು ಅಷ್ಟು ಹೊತ್ತಿನಿಂದ ಮನಸ್ಸಿನಲ್ಲೇ ತನ್ನ ಡಬ್ಬ ತಡಕುತ್ತಿದ್ದ ದರ್ಜಿ, ಮುದುಕ ಹಿಡಿದ ತೋಳಿಗೆ ಹತ್ತಿದ ಬೂದು ಸ್ವೆಟರಿನ ಬೆನ್ನಿಗೂ ಹರಡಿದಾಗ ಹುಡುಕುವುದನ್ನು ಬಿಟ್ಟ.