ಮಾಲಾಳ ಎಂಬ್ರಾಯಿಡರಿ ಮಷಿನ್

ಅಯ್ಯೋ, ಆ ಬಟನ್ ಒತ್ತಿ ಪ್ರಯೋಜನ ಇಲ್ಲ ಸಂಪತ್ ಅವ್ರೇ! ಬೆಳಿಗ್ಗೆಯಿಂದ ಒತ್ತೀ ಒತ್ತೀ ನನ್ನ ಬೆರಳು ಸವೀತು. ಅದೇ ಬಿಳಿ ಪರದೆ. ಅಕ್ಷರ ಇಲ್ಲ, ಸದ್ದಿಲ್ಲ… ಹೇಳಿದ್ನಲ್ಲ, ಅಪ್‌ಡೇಟ್ ಆಗ್ತಾ ಇತ್ತು, ನಡುವೆ ಕರೆಂಟ್ ಹೋಯ್ತು. ಅಷ್ಟೇ! ಸುಂಕದಕಟ್ಟೆ ಕರೆಂಟು ನಿಮಗೆ ಗೊತ್ತಿಲ್ವಾ?

ಯಾಕೆ ನಗ್ತೀರ? …ಹೂಂ, ಮೇಜಿನ ಕೆಳಗೆ ಯುಪಿಎಸ್ ಇದೆ. ಇಲ್ಲ ಅಂದ್ನಾ? ಅದರ ಬ್ಯಾಟರಿ… ಒಂದೊಂದ್ ಸಲ ಕೈ ಕೊಡುತ್ತೆ.

ನಗ್ಬೇಡಿ, ದಮ್ಮಯ್ಯ ಅಂತೀನಿ. ನನ್ನ ಮಷಿನ್ ಆಗಿದ್ರೆ ಇಷ್ಟು ಒದ್ದಾಡ್ತಿರ್ಲಿಲ್ಲ. ನಮ್ಮ ಓರಗಿತ್ತಿ ಮಾಲಾದು. ಅವಳ ಅನ್ನ ಇದು. ಬಾಣಂತನಕ್ಕೆ ತವರಿಗೆ ಹೊರಟಾಗ ಏನಂದ್ಳು ಗೊತ್ತಾ? "ಜಯಕ್ಕ, ಧಾರಾಳವಾಗಿ ಹೊಲಿ. ಅಪ್‌ಡೇಟ್ ಗಿಪ್‌ಡೇಟ್ ತಂಟೆಗೆ ಮಾತ್ರ ಹೋಗ್ಬೇಡ, ರಿಪೇರಿಯವರನ್ನ ಕರಿ" ಅಂತ. ಕರೆದೆನಲ್ಲ! ಈಗ… ಕರೆದಿದೀನಲ್ಲ.

ನಾನೇನ್ ಮಾಡ್ಲಿ? ಮದುವೆ ಹುಡುಗಿ ಪೆನ್‌ಡ್ರೈವಲ್ಲಿ ನವಿಲಿನ ಡಿಸೈನ್ ತಂದ್ಳು. ಬ್ಲೌಸ್ ತೋಳಿಗೆ. ಮಷಿನ್ ಆ ಫೈಲನ್ನ ಓದ್ಲೇ ಇಲ್ಲ! ಅಪ್‌ಡೇಟ್ ಮಾಡಿದ್ರೆ ಓದುತ್ತೆ ಅಂತ ಟೈಲರ್‌ಗಳ ವಾಟ್ಸಾಪ್ ಗ್ರೂಪಲ್ಲಿ ಯಾರೋ ಒಂದು ಫೈಲ್ ಹಾಕಿದ್ರು. ಯಾರು ಅಂದ್ರೆ… ಯಾರೋ. ಎಲ್ರೂ ಥ್ಯಾಂಕ್ಸ್ ಹೇಳಿದ್ರಪ್ಪಾ!

ಹಿಂದೆ ಏನ್ ಹುಡುಕ್ತಿದೀರ? ಮಾಡೆಲ್ ನಂಬರಾ? ಅಷ್ಟೂ ತಿಳಿಯಲ್ವಾ ನಂಗೆ? ನೋಡಿಯೇ ಹಾಕಿದ್ದು. ಮಷಿನ್ ಮೇಲೆ ಆರುನೂರ ಮೂರು, ಫೈಲ್ ಮೇಲೂ ಆರುನೂರ ಮೂರು. ನೀವೇ ಓದಿ… ಅಯ್ಯೋ, ಒರೆಸ್ಬೇಡಿ! ಆಯುಧಪೂಜೆಲಿ ಮಾಲಾ ಕೈಯಾರೆ ಹಚ್ಚಿದ ಕುಂಕುಮ ಅದು…

…ಎಂಟು.

ಆರುನೂರ ಎಂಟು. ಅರ್ಧ ಅಂಕಿ ಕುಂಕುಮದಡಿ ಇತ್ತಾ… ಅದಕ್ಕೇ ನಂಗೆ ಮೂರು ಅನ್ನಿಸ್ತಾ…

ಬೇರೆ ಮಷಿನಿಂದು ಹಾಕ್ಬಿಟ್ನಾ? ಅಳಿಸಿ ಸರಿಯಾದ್ದು ಹಾಕ್ಬಹುದಲ್ವಾ? ಇಲ್ಲ ಅಂತ ಹಾಗೆ ತಲೆ ಆಡಿಸ್ಬೇಡಿ ಸಂಪತ್. ಏನೂ ಮಾಡಕ್ಕಾಗಲ್ವಾ? ಏನೇನೂ?

ಯಾರಿಗೆ ಫೋನು? ಬೇಡ… ಹಸಿ ಬಾಣಂತಿ ಅವಳು. ಆಮೇಲೆ ಹೇಳೋಣ. ಇಲ್ಲ, ಕರೆಂಟ್ ಹೋಯ್ತು ಅಂತ್ಲೇ ಹೇಳಿ. ನೀವು ಹೇಳಿದ್ರೆ ನಂಬ್ತಾಳೆ. ಹೇಳ್ತೀರಲ್ಲ? ಸಂಪತ್? …ಬೈಯಿರಿ ಬೇಕಾದ್ರೆ. ಆ ಯುಪಿಎಸ್ ಕಡೆ ಹಾಗೆ ನೋಡ್ಬೇಡಿ.

ಹೋಗ್ಲಿಲ್ಲ. ಕರೆಂಟ್ ಹೋಗ್ಲೇ ಇಲ್ಲ. ಸಾಕಾ?

ರಿಂಗ್ ಆಗ್ತಿದೆಯಾ? ಕೊಡಿ ಇಲ್ಲಿ, ನಾನೇ ಹೇಳ್ತೀನಿ. ಕೊಡಿ…

ಹಲೋ… ಮಾಲಾ? ಹೂಂ, ನಾನೇ ಕಣೇ, ಜಯಕ್ಕ… ಏನಿಲ್ಲ… ಮಗು ಮಲಗ್ತೇನಮ್ಮಾ?