ಅವ್ವನ ಐದನೇ ಕಲ್ಲು

ದೇವದುರ್ಗದ ಕೋರ್ಟಿನ ಬೇವಿನ ಗಿಡದ ಕೆಳಗೆ ತನ್ನ ಸರದಿ ಕಾಯುತ್ತಿದ್ದ ದುರುಗಮ್ಮ, ಬೇಡಬೇಡವೆಂದುಕೊಂಡರೂ ಪಕ್ಕದ ಬೆಂಚಿನ ಅಣ್ಣತಮ್ಮರ ಮಾತಿಗೆ ಕಿವಿಗೊಟ್ಟಳು. ಹೊಲದ ಗಡಿಗಲ್ಲು ಕಿತ್ತನೆಂದು ತಮ್ಮ ಯಂಕೋಬ, ಅಣ್ಣ ಹುಲಗಪ್ಪನ ಮೇಲೆ ಪೊಲೀಸರಿಗೆ ಫಿರ್ಯಾದು ಕೊಟ್ಟಿದ್ದನಂತೆ.

"ನಾಳಿ ಎಳ್ಳಮಾಸಿ ಹಬ್ಬ, ಯಂಕೋಬ. ಅವ್ವ ಹೊಲದಾಗ ಐದು ಕಲ್ಲಿಟ್ಟು ಪೂಜಿ ಮಾಡ್ತಿದ್ಳು, ನೆನಪದೇನು?"

"ಮರೀತೀನೇನು? ಸಜ್ಜಿ ಕಡುಬಿನ ವಾಸನಿ ಇನ್ನೂ ಮೂಗಿನಾಗದ."

"ಆಕಿ ಮಾಡಿದ ಕಡೀ ಪೂಜಿಗೆ ಐದನೇ ಕಲ್ಲು ಸಿಗಲಿಲ್ಲ. ನೀ ಹುಡುಕಾಕ ಹೋದಿ."

"ಹೌದು. ನಾ ಬರೋದ್ರಾಗ ಎಲ್ಲಿಂದೋ ತಂದು, ಸುಣ್ಣ ಹಚ್ಚಿ ಕುಂದ್ರಿಸಿದ್ಳು."

"ಬದುವಿನಿಂದ ಕಿತ್ತು ತಂದಿದ್ಳು. ಪೂಜಿ ಮುಗಿದ ಮ್ಯಾಲ ಮರಳಿ ಹೂಳೋದು ಮರ್ತೇಬಿಟ್ಳು."

ಯಂಕೋಬ ಅಣ್ಣನ ಕಡೆ ತಿರುಗಿ ಕೂತ.

"ಎರಡು ವರ್ಸ ಕೋರ್ಟಿಗೆ ತಿರುಗಿದಿ. ಯಾಕ ಬಾಯಿ ಬಿಡಲಿಲ್ಲ?"

"ಸತ್ತ ಅವ್ವನ ಹೆಸರು ಪೊಲೀಸರ ಕಾಗದದಾಗ ಬರೆಸಲೇನು?"

ಒಳಗಿನಿಂದ ಜವಾನ ಇಬ್ಬರ ಹೆಸರು ಕೂಗಿದ. ಯಂಕೋಬ ಮೊದಲು ಎದ್ದು, ಅಣ್ಣನ ರಟ್ಟೆ ಹಿಡಿದು ಎಬ್ಬಿಸಿದ.

"ನಡಿ. ಕಲ್ಲು ನಾನಽ ಕಿತ್ತಿದ್ದೆ ಅಂತ ಸಾಹೇಬ್ರಿಗೆ ಹೇಳ್ತೀನಿ. ಅವ್ವನ ಹೆಸರು ಎತ್ತಬ್ಯಾಡ," ಎನ್ನುತ್ತ ಮೆಟ್ಟಿಲು ಹತ್ತಿದ.