ಕೆಂಪು ಗುಂಡಿ, ಹಸಿರು ದಾರ

ಅಲ್ರೀ ಅಮೀನಾಬೀ, ಆಗಿಂದ ಏನ ಹೇಳಾಕತ್ತೀನಿ ನಾ? ಅದು ನಿಮ್ಮ ಮಗ ಕಲಂದರನ ಕತಿ ಅಲ್ಲ... ಅರ್ಜೆಂಟೀನಾದ ಕತಿ! ಅಲ್ಲಿಯ ಹೆಣ್ಣಮಗಳು ಒಬ್ಬಾಕಿ ಬರದ ಕಾದಂಬರಿ. ನಾ ಬರೇ ಇಂಗ್ಲೀಷಿನಿಂದ ಕನ್ನಡಕ್ಕ ತಂದೀನಿ. ವಾರಾ ವಾರಾ ಪೇಪರಿನವರು ಹಾಕತಾರ, ನಿಮ್ಮ ಮಗಳು ನಸೀಬಾ ಓದಿ ಹೇಳತಾಳ, ನೀವು ಕೇಳತೀರಿ. ಮುಗೀತು! ಕುಂದರ್ರಿ ಮೊದಲ. ಅನಗೋಳದಿಂದ ಈ ಬಿಸಲಾಗ ನಡಕೋತ ಬಂದೀರಿ, ಬಾಗಲದಾಗ ನಿಂತರ ಹೆಂಗ? ಏ ಕಾಶವ್ವಾ! ಎರಡ ಕಪ್ಪ ಚಾ ಇಡ, ಅಮೀನಾಬೀ ಬಂದಾರ!

ಬ್ಯಾಡಾ? ನೀರರ ಕುಡೀರಿ... ಅದೂ ಬ್ಯಾಡ. ಆತು ಬಿಡ್ರಿ.

ಅರ್ಜೆಂಟೀನಾ ಅಂದ್ರ ಎಲ್ಲಿ ಬಂತು ಗೊತ್ತೇನು? ಭೂಮಿಯ ಆ ಮಗ್ಗಲ. ನಮಗ ಮಧ್ಯಾಹ್ನ ಆದ್ರ ಅವರಿಗೆ ಈಗ ಬೆಳಗಾಗಾಕತ್ತಿರತೈತಿ. ಮಿಲಿಟ್ರಿಯವರ ರಾಜ್ಯ ಇತ್ತು, ಹ್ವಾದ ವರ್ಷ ಮುಗೀತು. ಯಾರ ಬಾಯಿ ತಗದ್ರೂ ಹಿಡಕೊಂಡ ಹೋಗೂದು. ಹ್ವಾದಾವ್ರು ಹ್ವಾದ್ರು... ಹೆಣಾನೂ ಇಲ್ಲ, ಸುದ್ದೀನೂ ಇಲ್ಲ. ಅವರ ತಾಯಂದ್ರು ಏನ ಮಾಡಿದ್ರು? ಕೂಸಿದ್ದಾಗ ಮಕ್ಕಳಿಗೆ ಕಟ್ಟತಿದ್ದ ಬಿಳಿ ಅರಬಿ ತಲಿಗೆ ಕಟಗೊಂಡು, ಸರಕಾರದ ವಾಡೇದ ಮುಂದ ಸುತ್ತ ಹಾಕಾಕ ಹತ್ತಿದ್ರು. ಗುರುವಾರಕ್ಕೊಮ್ಮೆ. ಗುರುವಾರಾನ! ನೀವೂ ಗುರುವಾರ ತಪ್ಪಸದ ದರ್ಗಾಕ್ಕ ಹೋಗಿ ಕಲಂದರನ ಹೆಸರಿಲೆ ಸಕ್ಕರಿ ಓದಸತೀರಲ್ಲ... ಓದೂವಾಗ ನಿಮ್ಮ ಮಾರೀನ ಕಣ್ಮುಂದ ಬರತಿತ್ತು ನನಗ. ಆಣಿ ಮಾಡಿ ಹೇಳತೀನಿ. ಕಾದಂಬರ್ಯಾಗಿನ ತಾಯಿ ರೊಸಾವುರಾ ಅಂತ, ಮಗ ಬಂದಾನು ಅಂತ ದಿನಾ ಒಂದ ತಾಟ ಹೆಚ್ಚಿಗಿ ಇಡತಾಳ. ನೀವೂ ಇಡತೀರಂತ, ಮುಚ್ಚಿಟ್ಟ ರೊಟ್ಟಿ ಹರ್ಯಾಗ ಆಕಳಿಗೆ ಹಾಕತೀರಂತ... ಕಾಶವ್ವ ಹೇಳತಿರತಾಳ. ಕಲಂದರ ಹೋಗಿ ಒಂಬತ್ತ ವರ್ಷಾತಲ್ಲ? ಅದಕ್ಕ ನಿಮಗ ಇದು ನನ್ನ ಮನೀ ಕತಿ ಅನಸೇತಿ. ಯಾವ ತಾಯಿಗಾದ್ರೂ ಅನಸೂದ.

ಆದ್ರ ರೊಸಾವುರಾನ ಮಗ ತೊಮಾಸ್, ಕಾಲೇಜ ಕಲಿಯಾವ. ಕಲಂದರ ಛಾಪಖಾನ್ಯಾಗ ಅಕ್ಷರದ ಮೊಳಿ ಜೋಡಸಾವ. ಎಲ್ಲಿಂದೆಲ್ಲಿಗ್ರೀ? ಏನ ಹುಡುಗ ಅಂವಾ! ನನ್ನ ಕಾಗಿಕಾಲ ಗುಬ್ಬಿಕಾಲ ಅಕ್ಷರ ಅವನೊಬ್ಬನ ಓದತಿದ್ದ. "ಸರ್, ನೀವು ಬರೀರಿ, ನಾ ಜೋಡಸತೀನಿ" ಅಂತಿದ್ದ... ಉಫ್, ಏನ ಸೆಖಿ ಇದು! ಚಷ್ಮಾ ಸುದ್ದಾ ಬೆವರತೈತಿ.

ಏನದು? ಟೇಬಲ್ ಮ್ಯಾಲೆ ಏನ ಇಟ್ಟ್ರಿ?

...ಗುಂಡಿ. ಕೆಂಪು ಗುಂಡಿ. ನಸೀಬಾ ಸಣ್ಣಾಕಿದ್ದಾಗಿನ ಫ್ರಾಕಿಂದಾ? ಇದರ ಜೋಡೀದು... ಅವತ್ತ ಹರ್ಯಾಗ ಕಲಂದರನ ನೀಲಿ ಅಂಗಿಗೆ ಹಚ್ಚಿದ್ರ್ಯಾ? ಬಿಳಿ ದಾರ ತೀರಿತ್ತು ಅಂತ ಹಸಿರು ದಾರಲೆ?

ಹೂಂ. ಹೂಂ. ತಿಳೀತು. ಅದನ್ನ ಹಾಕ್ಕೊಂಡು ಆರಕ್ಕ ಹ್ವಾದಾವ ತಿರಗಿ ಮನಿ ಹೊಸ್ತಲಾ ತುಳೀಲಿಲ್ಲ. ಪೊಲೀಸರು, "ನಾವ ಹಿಡದೇ ಇಲ್ಲ, ಗೋವಾಕ್ಕ ದುಡಿಯಾಕ ಹೋಗಿರಬೇಕ ನೋಡಮ್ಮಾ" ಅಂದ್ರು. ಹಂಗಾರ ಪೇಪರಿನ ಕತ್ಯಾಗ ತೊಮಾಸನ ಅಂಗಿಗೂ ಅದ ಕೆಂಪು ಗುಂಡಿ, ಅದ ಹಸಿರು ದಾರ ಬಂತಲ್ಲ, ಅದು ಈ ಮಾಸ್ತರಗ ಹೆಂಗ ಗೊತ್ತಾತು... ಅದನ್ನ ಕೇಳಾಕ ಬಂದೀರಿ.

ಅಯ್ಯ! ಬಡವರ ಮನ್ಯಾಗ ಗುಂಡಿ ಹರದ್ರ ಕೈಗೆ ಸಿಕ್ಕದ್ದು ಹಚ್ಚತಾರ್ರೀ. ಆ ದೇಶದಾಗ ಬಡವರಿಲ್ಲೇನು? ಹಸಿರು ದಾರ ಇಲ್ಲೇನು? ಕಾಗಿ ಕುಂದರೂದಕ್ಕೂ ಟೊಂಗಿ ಮುರಿಯೂದಕ್ಕೂ ಕೂಡಿ ಬಂದೈತಿ, ಅಷ್ಟ! ಯಾಕ ನಗತೀರಿ? ನಗಬ್ಯಾಡ್ರಿ ಅಮೀನಾಬೀ... ನೀವು ಅತ್ರ ನಾ ತಡಕೊಂಡೇನು.

ಪುಸ್ತಕದಾಗ ತೋರಸಬೇಕಾ? ನಿಮಗ ಓದಾಕ... ನಸೀಬಾಗ ಇಂಗ್ಲೀಷ ಬರತೈತಿ? ಮ್ಯಾಟ್ರಿಕ್ ಆದಳಾ ಆಕಿ? ಭೇಷ್... ಭೇಷ್ ಆತು.

ತಡೀರಿ, ತೋರಸತೀನಿ. ಇದ ನೋಡ್ರಿ ಆ ಪುಸ್ತಕ, ಖಾನಾಪೂರದಾಗ ಇದ್ದ ಒಬ್ಬ ಗೋವಾದ ಪಾದ್ರಿ ಕೊಟ್ಟದ್ದು. ಇಲ್ಲಿ... ನೂರಾ ಇಪ್ಪತ್ತೆಂಟನೇ ಪುಟ. ಇದರ ಬಾಜೂ... ನೂರಾ ನಲವತ್ತೈದು. ಕಂಡತೇನು? ನಡುವ ಒಂದ ಫಾರ್ಮು ಹೊಲದೇ ಇಲ್ಲ ಬೈಂಡಿಂಗಿನವ್ರು! ಹದಿನಾರ ಪುಟ ಇಲ್ಲ. ಹುಡುಗನ್ನ ಹಿಡಕೊಂಡ ಹೋಗೂ ಅಧ್ಯಾಯಾನ ಇಲ್ಲ! ಎಲ್ಲೆಲ್ಲೋ ಪತ್ರ ಹಾಕಿದೆ, ಇನ್ನೊಂದ ಪ್ರತಿ ಸಿಗಲಿಲ್ಲ. ಪೇಪರಿನ ನಾಗಲಿಂಗ ಬಂದು ಕುತಗಿ ಮ್ಯಾಲೆ ಕುಂತ, "ಸರ್, ಸೋಮವಾರ ಮ್ಯಾಟರ್ ಬೇಕ ಬೇಕು" ಅಂತ. ಏನ ಮಾಡ್ಲಿ? ನಾನ ಬರದು ತುಂಬಿಸಿದೆ. ಮೂವತ್ತ ವರ್ಷ ಸಾಲ್ಯಾಗ ಕಲಿಸಿದಾವಗ ಹದಿನಾರ ಪುಟ ಎಷ್ಟರದು? ಅಲ್ಲಿಯ ಸ್ಟೇಷನ್ ನಾ ಎಲ್ಲಿ ನೋಡೀನಿ? ಗುಂಜಿ ಸ್ಟೇಷನ್ ನೋಡಿದ್ದೆ, ಅದನ್ನ ಬರದೆ...

ಯಾಕ, ಗುಂಜಿ ಅಂದಕೂಡ್ಲೆ ಯಾಕ ತಲಿ ಎತ್ತಿದ್ರಿ? ಸುಮ್ಮ ಅಂದೆ. ಕಾಡಿನ ಬಾಜೂ ಸಣ್ಣ ಸ್ಟೇಷನ್, ಕತಿಗೆ ಚಲೋ ಹೊಂದತೈತಿ ಅಂತ...

ಹಿಡಿಸಿಕೊಟ್ಟ ಮಾಸ್ತರ? ಹೌದು, ಕತ್ಯಾಗ ಒಬ್ಬ ಮಾಸ್ತರ ಇದ್ದಾನ. ಮಂದಿ ರೈಲಿನಿಂದ ಇಳಿಯೂವಾಗ, ಇವನ ಆ ಹುಡುಗ ಅಂತ ಪೊಲೀಸರಿಗೆ ಗುರುತ ಮಾಡಬೇಕು. ಬಾಯಿ ಬಿಡೂದಿಲ್ಲ, ಬಟ್ಟ ಮಾಡೂದಿಲ್ಲ. ಚಷ್ಮಾ ತಗದು ಧೋತರದ ಚುಂಗಿಲೆ ಒರಸತಾನ. ಅದ ಗುರುತು. ಹೇಡಿ ಸೂಳೆಮಗ! ಇಂಥಾವ್ರು ಎಲ್ಲಾ ದೇಶದಾಗೂ ಹುಟ್ಟತಾರ ನೋಡ್ರಿ...

ಏನಂದ್ರಿ? ಧೋತರಾ? ಧೋತರ ಅಂತ ಬರದೀನಾ ನಾನು?

...ನಸೀಬಾನ ಕೇಳಿದಳಾ, ಆ ದೇಶದಾಗೂ ಧೋತರ ಉಡತಾರೇನು ಅಂತ?

ತಪ್ಪಾತು. ಅಲ್ಲಿ ಯಾರ್ರೀ ಧೋತರ ಉಡತಾರ! ಚಣ್ಣ... ಪ್ಯಾಂಟ ಹಾಕತಾರ. ಬರಿಯೂ ಅವಸರದಾಗ ಕೈ ತಪ್ಪಿತು. ನಮ್ಮ ಉಡಗಿ ನಮ್ಮ ಕೈಗೆ ಬರತೈತಿ. ನಾಳೆನ ನಾಗಲಿಂಗಗ ಹೇಳಿ ತಿದ್ದಸತೀನಿ. ಪುಸ್ತಕ ಆಗೂವಾಗ ಗುಂಡೀನೂ ತಗಸತೀನಿ, ಸ್ಟೇಷನ್ನೂ ತಗಸತೀನಿ. ಆತಲ್ಲ? ಸಮಾಧಾನ ಆತಲ್ಲ? ಇನ್ನ ಏನ ಐತಿ?

ಅಮೀನಾಬೀ... ಎಲ್ಲಿ ನೋಡಾಕತ್ತೀರಿ? ನನ್ನ ಮಾರಿ ನೋಡ್ರಿ. ಕೈ ಯಾಕ ನೋಡತೀರಿ? ಕೈಯಾಗ ಏನ ಐತಿ...

ಚಷ್ಮಾ.

ಧೋತರದ ಚುಂಗು.

...ಬಂದಾಗಿಂದ ಒರಸಾಕತ್ತೀನೇನು ನಾನು?

ಏನರ ಅನ್ರಿ. ಬೈರಿ. ಉಗಳ್ರಿ ಮಾರಿ ಮ್ಯಾಲೆ. ನಿಮ್ಮ ಕಾಲ ಬೀಳತೀನಿ! ಕಾಶವ್ವಾ, ನೀ ಒಳಗ ಹೋಗ... ಹೋಗಂದ್ರ! ...ಕೇಳಿದಿ? ಎಲ್ಲಾ ಕೇಳಿದಿ. ನಿಂದ್ರ ಹಂಗಾರ. ನಿನಗೂ ಗೊತ್ತಾಗಲಿ.

ಅವತ್ತ ಕಲಂದರ ಒಯ್ದ ಕರಪತ್ರ ನಾ ಬರದದ್ದು. ಎಮರ್ಜೆನ್ಸಿ ಬ್ಯಾಡ ಅಂತ, ಜೇಲಿಗೆ ಹಾಕಿದವರನ್ನ ಬಿಡ್ರಿ ಅಂತ. ಅಂವಾ ಜೋಡಸಿದ, ಅಂವಾ ಛಾಪಿಸಿದ, ಗುಂಜಿಗೆ ಅಂವಾನ ಹೊತಗೊಂಡ ಹೊಂಟ. ನನ್ನ ಅಕ್ಷರದ ಹಾಳಿ ಪೊಲೀಸರ ಕೈಗೆ ಸಿಕ್ಕಿತ್ತು. "ಮಾಸ್ತರ, ನೀ ಒಳಗ ಹೋಗತಿಯೋ, ಹಂಚಾವನ್ನ ತೋರಸತಿಯೋ" ಅಂದ್ರು. ಅಂಜಿದೆ. ಅಂಜಿದೆ ಅಮೀನಾಬೀ. ಗುಂಜಿ ಸ್ಟೇಷನ್ನಿನ ತಂತಿ ಬೇಲಿ ಕಡೆ ನಿಂತ ಚಷ್ಮಾ ಒರಸಿದೆ. ಯಾರಿಗೂ ಹೇಳಲಿಲ್ಲ. ಹೇಳದ ಇರಾಕೂ ಆಗಲಿಲ್ಲ. ದೂರದ ದೇಶದ ಹೆಸರ ಹಾಕಿದ್ರ ಯಾರಿಗೆ ತಿಳೀತೈತಿ ಅಂತ, ಆ ಹದಿನಾರ ಪುಟದಾಗ ಎಲ್ಲಾ ಇಳಿಸಿಬಿಟ್ಟೆ.

ಎಲ್ಲಿಗೆ ಒಯ್ದ್ರು ನನಗ ಗೊತ್ತಿಲ್ಲ. ಅಲ್ಲಾನ ಮ್ಯಾಲೆ ಆಣಿ, ಬಸವಣ್ಣನ ಮ್ಯಾಲೆ ಆಣಿ. ಜೀಪು ಖಾನಾಪೂರದ ಕಡೆ ಹೊಳ್ಳಲಿಲ್ಲ, ಕಾಡಿನ ಕಡೆ ಹೊಳ್ಳಿತು. ಅಷ್ಟ ನೋಡೀನಿ.

ಇನ್ನೊಂದೈತಿ. ಅದನ್ನ ಆ ಅಧ್ಯಾಯದಾಗೂ ಬರದಿಲ್ಲ ನಾನು, ಬರಿಯಾಕ ಕೈ ಏಳಲಿಲ್ಲ. ಏಳಬ್ಯಾಡ್ರಿ, ಕೇಳಿ ಹೋಗ್ರಿ... ಜೀಪಿಗೆ ಹತ್ತಸೂವಾಗ ಅಂವಾ ನನ್ನ ಕಂಡ. ಕಂಡು ಮಾರಿ ಅರಳಿತು ಅವಂದು. ಬಿಡಸಾಕ ಬಂದಾನ ಮಾಸ್ತರ, ಅಂತ ತಿಳಕೊಂಡ. "ಸರ್" ಅಂತ ಕೂಗಿದ. "ಸರ್, ನಮ್ಮ ಅಮ್ಮಾಗ ಹೇಳ್ರಿ... ಇವತ್ತ ಊಟಕ್ಕ ಕಾಯಬ್ಯಾಡಂತ ಹೇಳ್ರಿ" ಅಂದ.